ಹನ್ನೆರಡನೆಯವಳು

ಕಪಾಟಿನಲ್ಲಿ ರಟ್ಟಿನ ಪೆಟ್ಟಿಗೆ ಇರಲಿಲ್ಲ. ವೇದವತಿ ಕೆಳಗಿನ ಅರೆಯನ್ನು ನೋಡಿದರು, ಕುರ್ಚಿಗಳ ಹಿಂದೆ ಬಗ್ಗಿ ನೋಡಿದರು. ಲಂಡನ್ನಿನ ಕಿಂಗ್ಸ್‌ಬರಿಯ ಈ ಡೇ ಸೆಂಟರ್‌ನಲ್ಲಿ ಪ್ರತಿ ಮಂಗಳವಾರ ಮರೆವಿನ ಕಾಯಿಲೆಯವರನ್ನು ಸುತ್ತಲೂ ಕೂರಿಸಿ, ಹಳೆಯ ಫುಟ್‌ಬಾಲ್ ಚಿತ್ರಗಳನ್ನು ಕೈಗೆ ಕೊಟ್ಟು ಮಾತಾಡಿಸುತ್ತಾರೆ. ಚಿತ್ರಗಳೆಲ್ಲ ಆ ಪೆಟ್ಟಿಗೆಯಲ್ಲಿದ್ದವು. ಅವರ ಗಂಡ, ಡಾಕ್ಟರ್ ಶೇಷಾದ್ರಿ, ಆಗಲೇ ಕುರ್ಚಿಯಲ್ಲಿ ಕೂತು ಪ್ರಸಾದಕ್ಕೆ ಕಾದವರಂತೆ ಎರಡೂ ಕೈ ಚಾಚಿದ್ದರು.

ಆ ಪೆಟ್ಟಿಗೆಯಲ್ಲಿ ಒಂದು ಕಾಗದ ಅವರದು. ಸಾವಿರದ ಒಂಬೈನೂರ ಎಪ್ಪತ್ನಾಲ್ಕರ ಬ್ರೆಂಟ್‌ಸೈಡ್ ತಂಡದ ಚಿತ್ರ, ಪಂದ್ಯದ ದಿನ ಮಾರುತ್ತಿದ್ದ ಪುಸ್ತಿಕೆಯಿಂದ ಹರಿದದ್ದು. ಮೈಸೂರಿನಿಂದ ಬಂದು ಇಲ್ಲಿನ ಸರ್ಕಾರಿ ಆಸ್ಪತ್ರೆ ಸೇರಿದ ಶೇಷಾದ್ರಿ ಇಪ್ಪತ್ತು ವರ್ಷ ಆ ಕ್ಲಬ್ಬಿನ ಮೈದಾನದ ಅಗ್ಗದ ಮೆಟ್ಟಿಲುಗಳ ಮೇಲೆ ನಿಂತು ಆಟ ನೋಡಿದವರು. ಮಧ್ಯಾಹ್ನ ಅಲ್ಲಿ ಮೈಬಣ್ಣ ನೋಡಿ ತಮ್ಮ ಮುಖಕ್ಕೆ ಉಗಿದವನ ತಲೆಗೆ ಸಂಜೆ ಹೊಲಿಗೆ ಹಾಕಿದವರು. ಈಗ ಮಗಳ ಹೆಸರು ಹೋಗಿದೆ, ಮನೆಯ ದಾರಿ ಹೋಗಿದೆ. ಆ ಕಾಗದ ಕೈಗೆ ಬಂದರೆ ಮಾತ್ರ ಗೋಲ್‌ಕೀಪರ್‌ನಿಂದ ಶುರುಮಾಡಿ ಹನ್ನೊಂದು ಹೆಸರನ್ನೂ ಒಂದೇ ಉಸಿರಿಗೆ ಹೇಳುತ್ತಿದ್ದರು. ಆ ಕಾಲದ ಲೀಗ್‌ನಲ್ಲಿ ಬದಲಿ ಆಟಗಾರ ಒಬ್ಬನೇ, ಅವನ ಅಂಗಿಯ ಮೇಲೆ ಹನ್ನೆರಡು. ಮದುವೆಯಾದ ಹೊಸತರಲ್ಲಿ ಚಳಿಯಲ್ಲಿ ಜೊತೆಗೆ ಬಂದು ನಿಲ್ಲುತ್ತಿದ್ದ ಹೆಂಡತಿಗೆ ಅವರು ಆ ಅಂಕಿಯನ್ನೇ ಕೊಟ್ಟಿದ್ದರು, ಚಿತ್ರದಡಿ ಪೆನ್ಸಿಲ್ಲಿನಲ್ಲಿ ಬರೆದೂ ಇಟ್ಟಿದ್ದರು. ಹನ್ನೊಂದು ಮುಗಿದ ಮೇಲೆ ತಲೆಯೆತ್ತಿ ನಕ್ಕು, “ಹನ್ನೆರಡು, ವೇದಾ” ಎನ್ನುತ್ತಿದ್ದರು. ವಾರಕ್ಕೊಮ್ಮೆ. ಉಳಿದ ಆರು ದಿನ ಆಕೆ ಆ ಮನೆಯಲ್ಲಿ ಯಾರೋ ಒಬ್ಬ ಹೆಂಗಸು. ಗುಂಪಿನಲ್ಲಿದ್ದರೇ ಬಾಯಿ ಬಿಡುತ್ತಾರೆಂದು ಕಾಗದವನ್ನು ಮನೆಯಿಂದ ತಂದು ಆ ಪೆಟ್ಟಿಗೆಗೆ ಹಾಕಿದ್ದವರು ಆಕೆಯೇ.

“ಆಂಟಿ, ಪೆಟ್ಟಿಗೆ ಹುಡುಕ್ತಿದ್ದೀರಾ? ಅದೆಲ್ಲ ಕ್ಲಿಯರ್ ಮಾಡಿಸ್ಬಿಟ್ವಿ. ಬರೀ ಧೂಳು, ಬೂಷ್ಟು ಬೇರೆ.” ಬಂದವನು ಮಯೂರ್. ಬೆಂಗಳೂರಿನವನು, ಬ್ರೆಂಟ್‌ಸೈಡ್ ಕ್ಲಬ್ಬಿನ ಸೇವಾ ಸಂಸ್ಥೆಯಲ್ಲಿ ಐಟಿ ಮ್ಯಾನೇಜರ್. ಈ ಮಂಗಳವಾರಗಳ ಖರ್ಚು ಆ ಸಂಸ್ಥೆಯದು.

“ಎಲ್ಲಿ ಹಾಕಿದ್ರಿ ಅದನ್ನ?”

“ರೀಸೈಕ್ಲಿಂಗ್. ನಿನ್ನೆ ಕೌನ್ಸಿಲ್ ಗಾಡಿ ತಗೊಂಡ್ಹೋಯ್ತು. ಇನ್ಮೇಲೆ ಇದು ನೋಡಿ.” ಅವನ ಕೈಯಲ್ಲಿ ಹೊಸ ಟ್ಯಾಬ್ಲೆಟ್ ಹೊಳೆಯುತ್ತಿತ್ತು. “ಅಂಕಲ್‌ಗೋಸ್ಕರ ನಾನೇ ಎರಡು ವೀಕೆಂಡ್ ಕೂತು ಕನ್ನಡ ಹಾಕ್ಸಿದೀನಿ. ಹೆಸರೆಲ್ಲ ಕನ್ನಡದಲ್ಲಿದೆ, ಓದಿ ಹೇಳೋದೂ ಕನ್ನಡದಲ್ಲೇ. ಲಂಡನ್ನಲ್ಲಿ ಬೇರೆ ಯಾವ ಸೆಂಟರಲ್ಲೂ ಇಲ್ಲ, ಆಂಟಿ.”

“ಎಪ್ಪತ್ನಾಲ್ಕು ತೆಗೀರಿ.”

ಮಯೂರ್ ಬೆರಳಾಡಿಸಿದ. ವರ್ಷಗಳು ಸರಸರ ಹಿಂದಕ್ಕೆ ಸರಿದು ತೊಂಬತ್ತೆರಡಕ್ಕೆ ಬಂದು ನಿಂತವು. “ಇಲ್ಲಿಂದ ಇದೆ. ಲೀಗ್ ಶುರುವಾಗಿದ್ದೇ ಆವಾಗಲ್ವಾ. ರೆಕಾರ್ಡ್ಸ್ ಎಲ್ಲ ಆವತ್ತಿಂದ್ಲೇ ಲೆಕ್ಕ.”

“ಲೀಗ್ ಶುರುವಾಗಿದ್ದು ಸಾವಿರದ ಎಂಟುನೂರ ಎಂಬತ್ತೆಂಟರಲ್ಲಿ. ಇವರಿಗೆ ಬುದ್ಧಿ ಸ್ವಾಧೀನದಲ್ಲಿದ್ದಾಗ ನನಗೆ ಬಾಯಿಪಾಠ ಮಾಡಿಸಿದ್ರು. ತೊಂಬತ್ತೆರಡರಲ್ಲಿ ದೊಡ್ಡ ಕ್ಲಬ್ಬುಗಳು ಟಿವಿ ದುಡ್ಡಿಗೋಸ್ಕರ ಬೇರೆ ಮನೆ ಮಾಡಿದ್ವು, ಅಷ್ಟೆ. ಬೇರೆ ಮನೆ ಮಾಡಿದವರು ತಮಗೆ ಅಪ್ಪ ಅಮ್ಮ ಇರಲೇ ಇಲ್ಲ ಅಂತಾರಾ, ಮಯೂರ್?”

“ಹಳೇ ಫೋಟೋಗಳ ಹಕ್ಕು ನಮ್ಮ ಹತ್ರ ಇಲ್ಲ ಆಂಟಿ. ಸ್ಪಾನ್ಸರ್ಸ್ ಒಪ್ಪಲ್ಲ.”

“ನಮ್ಮ ಕಾಗದ ನಾನು ಮನೆಯಿಂದ ತಂದಿಟ್ಟಿದ್ದು. ಅದರ ಹಕ್ಕು ಯಾರದು?”

ಮಯೂರ್ ಕತ್ತಿನಲ್ಲಿ ನೇತಾಡುತ್ತಿದ್ದ ಗುರುತುಚೀಟಿಯನ್ನು ಸರಿಮಾಡಿಕೊಂಡ. “ನಂಗೆ ಗೊತ್ತಿರ್ಲಿಲ್ಲ. ಲಿಸ್ಟಲ್ಲಿ ಬರೀ ಹಳೇ ಪೇಪರ್ ಅಂತ ಇತ್ತು.”

ಬ್ರೆಂಟ್‌ಸೈಡ್‌ನಲ್ಲಿ ಮೊದಲು ಮೆಟ್ಟಿಲು ಕಿತ್ತು ಕುರ್ಚಿ ಹಾಕಿದರು. ಆಮೇಲೆ ಟಿಕೆಟ್ ದರ ಏರಿಸಿ, ಮೆಟ್ಟಿಲ ಮೇಲೆ ನಿಂತಿದ್ದ ಡ್ರೈವರುಗಳನ್ನೂ ನರ್ಸುಗಳನ್ನೂ ಕಿತ್ತರು. ಹಾಗೆ ಹೊರಬಿದ್ದವರ ಹತ್ತಿರ ಉಳಿದಿದ್ದು ನೆನಪು ಒಂದೇ. ಅದನ್ನು ನಿನ್ನೆ ಲಾರಿಗೆ ತುಂಬಿದ್ದಾಯಿತು, ಅದೂ ಸೇವೆಯ ಹೆಸರಿನಲ್ಲಿ.

ಮಯೂರ್ ಟ್ಯಾಬ್ಲೆಟ್ಟನ್ನು ಶೇಷಾದ್ರಿಯವರ ಚಾಚಿದ ಕೈಗಳಲ್ಲಿಟ್ಟು ಗುಂಡಿ ಒತ್ತಿದ. ಒಂದು ಹೆಣ್ಣುದನಿ ಸ್ಪಷ್ಟ ಕನ್ನಡದಲ್ಲಿ ಈಗಿನ ತಂಡದ ಹೆಸರು ಓದತೊಡಗಿತು. ಬೇಡವೆಂದರೂ ವೇದವತಿ ಮನಸ್ಸಿನಲ್ಲೇ ಎಣಿಸಿದರು. ಹನ್ನೊಂದಕ್ಕೆ ಬಂದಾಗ ಗಂಡನ ಮುಖದ ಹತ್ತಿರಕ್ಕೆ ಬಾಗಿದರು. ದನಿ ನಿಲ್ಲಲಿಲ್ಲ. ಹನ್ನೆರಡಕ್ಕೆ ಯಾರದೋ ಹೆಸರು, ಹದಿಮೂರಕ್ಕೆ ಇನ್ಯಾರದೋ. ಈಗ ಬದಲಿ ಬೆಂಚಿನ ಮೇಲೇ ಒಂಬತ್ತು ಜನ. ಇಪ್ಪತ್ತಾದ ಮೇಲೆ ಅದು ತಾನಾಗಿ ಸುಮ್ಮನಾಯಿತು.

ಶೇಷಾದ್ರಿ ಟ್ಯಾಬ್ಲೆಟ್ಟನ್ನು ಹಿಂದೆ ಮುಂದೆ ತಿರುಗಿಸಿದರು, ಅಂಚನ್ನು ಬೆರಳಿನಿಂದ ಸವರಿದರು. ಪಕ್ಕದ ಮೇಜಿನ ಮೇಲೆ ಮರ್ಯಾದೆಯಿಂದ ಇಟ್ಟರು. ಮತ್ತೆ ಕೈ ಚಾಚಲಿಲ್ಲ.

“ಮುಂದಿನ ವಾರ ಅಭ್ಯಾಸ ಆಗ್ಬಹುದು ಆಂಟಿ” ಎಂದ ಮಯೂರ್. ವೇದವತಿ ಎದುರಿನ ಕುರ್ಚಿಯಲ್ಲಿ ಕುಸಿದು, ಸೆರಗಿನಿಂದ ಬಾಯಿ ಮುಚ್ಚಿಕೊಂಡು ಅತ್ತರು.

ಶೇಷಾದ್ರಿ ಅಳುತ್ತಿದ್ದ ಹೆಂಗಸನ್ನು ನೋಡಿದರು. ಬೆನ್ನು ನೆಟ್ಟಗಾಯಿತು. ಕುರ್ಚಿಯನ್ನು ಮುಂದಕ್ಕೆಳೆದುಕೊಂಡು ಆಕೆಯ ಮಣಿಕಟ್ಟನ್ನು ಹಿಡಿದು, ಮೂರು ಬೆರಳಿಟ್ಟು, ಗೋಡೆಯ ಗಡಿಯಾರ ನೋಡುತ್ತ ನಾಡಿ ಎಣಿಸಿದರು. ಆಮೇಲೆ ತಗ್ಗಿದ ದನಿಯಲ್ಲಿ ಕೇಳಿದರು:

“ಎಷ್ಟು ದಿನದಿಂದ ಹೀಗಾಗ್ತಿದೆಯಮ್ಮಾ? ನಿಮ್ಮ ಜೊತೆ ಯಾರೂ ಬಂದಿಲ್ವೇ?”