ಕೊನೆಯ ಅಂಗಡಿಯ ಪೇಡೆ

ಮಗಳ ಅಸ್ಥಿಯನ್ನು ವಿಸರ್ಜಿಸಿ ಕಾಶಿಯಿಂದ ಮರಳಿದ ಮೇಲೆ ಹೆಂಡತಿ ಗಂಜಿಯ ಹೊರತು ಬೇರೇನನ್ನೂ ಮುಟ್ಟದೆ ದಿನದಿನಕ್ಕೆ ಸೊರಗುತ್ತಿದ್ದಳು. ಒಂದು ಕಾಲಕ್ಕೆ ಸಿಹಿಯೆಂದರೆ ಬಾಯಿ ಬಿಡುತ್ತಿದ್ದವಳು. ಬೇರೆ ದಾರಿ ಕಾಣದೆ ಅವನು ಅವಳನ್ನು ಹುಡುಗಿಯೊಬ್ಬಳು ಊರಿನ ಮಿಠಾಯಿ ಅಂಗಡಿಗಳನ್ನು ಸುತ್ತಿಸಿ ರುಚಿ ತೋರಿಸುವ ನಡಿಗೆಗೆ ಕರೆತಂದ.

ಕುಂದಾ, ಜಿಲೇಬಿ, ಕರದಂಟು. ಪ್ರತಿ ಅಂಗಡಿಯಲ್ಲೂ ಅವನು ಒಂದು ಚೂರು ಮುರಿದು ಅವಳ ಬಾಯಿಯವರೆಗೆ ಒಯ್ದ. ಪ್ರತಿ ಸಲವೂ ಅವಳು ಮುಖ ತಿರುಗಿಸಿದಳು. ಕೊನೆಯ ಅಂಗಡಿಯಲ್ಲಿ, ಪೇಡೆಯ ಚೂರನ್ನು ಕೈಯಲ್ಲಿ ಹಿಡಿದೇ ಅವನು ಸಹನೆ ಕಳೆದುಕೊಂಡ.

"ಕಾಶಿಗೆ ಹೋದವರು ತಮಗ ಭಾಳ ಪ್ರೀತಿದ್ದು ಒಂದನ್ನ ಬಿಟ್ಟು ಬರತಾರ, ಖರೆ. ಅದಕ್ಕ ನೀ ಸಿಹೀನ ಬಿಟ್ಟು ಬಂದೀಯೇನು? ಹಾಗಲಕಾಯಿ ಬಿಟ್ಟಿದ್ರ ದೇವರು ಬ್ಯಾಡ ಅಂತಿದ್ನ?"

ದಾರಿ ತೋರಿಸುತ್ತಿದ್ದ ಹುಡುಗಿ ಅಳುಕುತ್ತಲೇ ತಟ್ಟೆ ಚಾಚಿದಳು. "ಒಂದರ ತಗೋರಿ, ಅಕ್ಕಾರ."

ಹೆಂಡತಿ ತಟ್ಟೆಯಿಂದ ಪೇಡೆಯೊಂದನ್ನು ಎತ್ತಿಕೊಂಡು ಮೆಲ್ಲಗೆ ತಿಂದಳು.

"ಅಂದ್ರ ಸಿಹಿ ಬಿಟ್ಟಿಲ್ಲ ನೀ?" ಅವನು ಕೇಳಿದ. "ಮತ್ತೇನು ಬಿಟ್ಟು ಬಂದಿ?"

ಅವನ ಬೆರಳುಗಳಲ್ಲಿ ಇನ್ನೂ ಹಾಗೆಯೇ ಉಳಿದಿದ್ದ ಚೂರನ್ನು ಅವಳು ನೋಡಿದಳು.

"ನಿಮ್ಮ ಕೈತುತ್ತು."