ಸೀಸದ ಬಿಲ್ಲೆ

ಮತ್ತೊಂದು ಗಿಡ ಹಾರಿಹೋಯಿತು. ಬೇರಿನ ಮಣ್ಣು ಉದುರಿಸುತ್ತಾ ತೋಟದ ಬೇಲಿ ದಾಟಿ, ಮನೆಗಳ ಹೆಂಚು ದಾಟಿ, ಚುಕ್ಕೆಯಾಗಿ ಮಾಯವಾಯಿತು. ಕೆಳಗೆ ನಿಂತ ಮೇಸ್ತ್ರಿಯ ಕೈಯಲ್ಲಿ ಎಳೆತಕ್ಕೆ ತುಂಡಾದ ದಾರವಷ್ಟೇ ಉಳಿದಿತ್ತು. ದಾರದ ತುದಿಯ ಸೀಸದ ಬಿಲ್ಲೆಯನ್ನು ಯಾರೋ ನಾಜೂಕಾಗಿ ಕತ್ತರಿಸಿಕೊಂಡಿದ್ದರು.

ತೇಲುಗಿಡದ ಬೇಸಾಯವೇ ಹಾಗೆ. ಬುಡಕ್ಕೆ ಬಿಲ್ಲೆ ಕಟ್ಟಿದ್ದರೆ ಮೊಣಕಾಲೆತ್ತರದಲ್ಲಿ ತೇಲಿಕೊಂಡು, ಹಳದಿ ಹೂಧೂಳು ಉದುರಿಸುತ್ತಾ ಬೆಳೆಯುತ್ತದೆ. ಬಲಿತ ಗಿಡವನ್ನು ಬಂಡಿಗೆ ಕಟ್ಟಿದರೆ ಅರ್ಧ ಭಾರ ಇಳಿದುಹೋಗುತ್ತದೆ. ಬಿಲ್ಲೆ ಕಳಚಿತೋ, ಗಿಡ ಆಕಾಶದ ಪಾಲು. ಕೂಲಿಯವರು ಹಂಗಾಮು ಮುಗಿದೊಡನೆ ಊರಿಗೆ ಹೊರಡುತ್ತಾರೆ. ವರ್ಷವಿಡೀ ಆ ಧೂಳು ಕುಡಿದುಕೊಂಡು ಉಳಿಯುವವನು ಮೇಸ್ತ್ರಿ ಒಬ್ಬನೇ.

"ಸಂಜೆಯೊಳಗೆ ಕಳ್ಳ ಸಿಗ್ಬೇಕು," ಎಂದರು ಯಜಮಾನರು. "ಇಲ್ದಿದ್ರೆ ನೀನೇ ಕಳ್ಳ ಅನ್ಕೋತೀನಿ. ಅಪ್ಪನ ಹಾಗೇ ಮಗ ಅಂತ ಜನ ಆಡ್ಕೊಳ್ಳೋ ಹಾಗೆ ಮಾಡ್ಕೋಬೇಡ."

ಅಪ್ಪನ ಮಾತು ಬಂದರೆ ಮೇಸ್ತ್ರಿಗೆ ಮೈಯೆಲ್ಲ ಉರಿ. ಅಪ್ಪನೂ ಇದೇ ತೋಟದ ಮೇಸ್ತ್ರಿ. ಒಂದು ಸಂಜೆ ಹೊತ್ತು ತಂದ ಹಿಟ್ಟಿನ ಮೂಟೆಯನ್ನು ಅಂಗಳದಲ್ಲಿ ಇಳಿಸಿ, ಹೇಳದೆ ಕೇಳದೆ ಹೊರಟುಹೋದ. ಮೂಟೆಯ ಪಕ್ಕ ಚಪ್ಪಲಿಗಳು ಬಿದ್ದಿದ್ದವು, ಮೂತಿ ಮನೆಯ ಬಾಗಿಲ ಕಡೆಗೆ. ಹೆಂಡತಿ ಮಕ್ಕಳಿಗೆ ಹಿಟ್ಟು ತಂದುಕೊಟ್ಟು ಓಡಿಹೋದ ಪುಣ್ಯಾತ್ಮ, ಅವಸರಕ್ಕೆ ಚಪ್ಪಲಿ ಬೇರೆ ಮರೆತ ಎಂದು ಊರು ನಕ್ಕಿತು. ಅಮ್ಮ ನಗಲಿಲ್ಲ. ಆ ಚಪ್ಪಲಿಗಳನ್ನು ಸಾಯುವವರೆಗೂ ಯಾರಿಗೂ ಮುಟ್ಟಲು ಬಿಡಲಿಲ್ಲ. ಮಗ ಮಾತ್ರ ಅಪ್ಪನನ್ನು ಇಂದಿಗೂ ಕ್ಷಮಿಸಿಲ್ಲ.

ಕಳ್ಳ ಯಾರು? ಗೇಟಿನಲ್ಲಿ ಎಲ್ಲರ ಜೇಬು, ಚೀಲ ತಡಕಿಯೇ ಹೊರಗೆ ಬಿಡುತ್ತಾರೆ. ಎಲ್ಲರದ್ದೂ ಎಂದರೆ, ಒಬ್ಬಳನ್ನು ಬಿಟ್ಟು. ಮಧ್ಯಾಹ್ನ ಬುತ್ತಿ ತರುವ ಮೇಸ್ತ್ರಿಯ ಹೆಂಡತಿಯ ಚೀಲಕ್ಕೆ ಕೈ ಹಾಕುವ ಧೈರ್ಯ ಯಾವ ಕಾವಲುಗಾರನಿಗಿದೆ?

ತಲೆಗೆ ಹುಳ ಹೊಕ್ಕಿತು. ಹೊಕ್ಕ ಹುಳ ಸುಮ್ಮನಿರಲಿಲ್ಲ.

ಅವಳು ಈಚೆಗೆ ಬೂಟಿನಂಗಡಿಗೆ ಎಡತಾಕುತ್ತಿದ್ದಳು. ಅಂಗಡಿಯವನು ಮೇಸ್ತ್ರಿಗೆ ದಪ್ಪ ಅಟ್ಟೆಯ ಹೊಸ ಬೂಟು ಹೊಲಿದುಕೊಟ್ಟಿದ್ದ, ಎಳೆದುಕೊಂಡು ನಡೆಯಬೇಕಾದಂಥದ್ದು. ಬೂಟನ್ನು ಅವಳೇ ಬಿಚ್ಚುತ್ತಿದ್ದಳು, ಅದೂ ಗಂಡನನ್ನು ಹಾಸಿಗೆಯ ಮೇಲೆ ಕೂರಿಸಿದ ಮೇಲೆ. ಹೊದಿಕೆಯ ನಾಲ್ಕೂ ಅಂಚನ್ನು ಹಾಸಿಗೆಯಡಿ ಬಿಗಿಯಾಗಿ ಸಿಕ್ಕಿಸಿ, ಅವನ ಮಣಿಕಟ್ಟು ಹಿಡಿದುಕೊಂಡೇ ಮಲಗುತ್ತಿದ್ದಳು. ಅದನ್ನು ಪ್ರೀತಿ ಎಂದು ತಿಳಿದು ಹಿಗ್ಗಿದ್ದ ಪೆದ್ದ! ಗಂಡ ಎಚ್ಚರವಾಗಿದ್ದಾನೋ ಇಲ್ಲವೋ ಎಂದು ತಿಳಿಯಲು ಅದಕ್ಕಿಂತ ಸುಲಭದ ದಾರಿ ಯಾವುದು? "ಆ ತೋಟ ಬಿಟ್ಬಿಡಿ, ದೂರ ಎಲ್ಲಾದ್ರೂ ಹೋಗೋಣ," ಎಂದು ಗೋಗರೆಯುತ್ತಿದ್ದವಳು ಈಚೆಗೆ ಆ ಮಾತನ್ನೇ ನಿಲ್ಲಿಸಿದ್ದಳು. ಮಂಚದಡಿ ಮಾತ್ರ ಟ್ರಂಕೊಂದು ತುಂಬಿ ಕೂತಿತ್ತು. ಮೇಲೆಯೇ ಅವಳ ಬಟ್ಟೆ.

ಅಪ್ಪ ಹೋದ. ಇವಳೂ ಹೊರಟಿದ್ದಾಳೆ. ಅವನಿಗೆ ಅಳು ಬಂತು. ಅಳುವಿನ ಹಿಂದೆಯೇ ಸಿಟ್ಟು.

ಹೊತ್ತು ಇಳಿಯುವ ಮುನ್ನವೇ ಮನೆಗೆ ಬಂದ. ಕಿಟಕಿಯಲ್ಲಿ ಇಣುಕಿದ. ಅವಳು ಹೊಸ ಜಾಕೀಟಿನ ಅಂಚಿಗೆ ಏನನ್ನೋ ಸೇರಿಸಿ ಹೊಲಿಯುತ್ತಿದ್ದಳು. ಸೂಜಿಯ ಪಕ್ಕದಲ್ಲಿ ಸೀಸದ ಬಿಲ್ಲೆಗಳ ರಾಶಿ.

"ಹೊರಗೆ ಬಾರೇ!"

ಅಂಗಳಕ್ಕೆ ಬಂದವಳ ಮುಖ ಬಿಳಿಚಿಕೊಂಡಿತ್ತು.

"ಆ ಜಾಕೀಟು ಯಾರಿಗೆ?"

"ನಿಮಗೇ."

ಅವನ ಕೈ ತಾನಾಗಿಯೇ ತೊಟ್ಟಿದ್ದ ಕೋಟಿನ ಅಂಚು ತಡಕಿತು. ಗಟ್ಟಿ, ದುಂಡಗೆ, ಸಾಲಾಗಿ. "ಕಳ್ಳಮಾಲನ್ನ ನನ್ನ ಮೈಮೇಲೇ ಹೊರಿಸಿದ್ದೀಯಾ? ಸಿಕ್ಕಿಬಿದ್ರೆ ನಾನು ಜೈಲಿಗೆ, ನೀನು ಆ ಬೂಟಿನವನ ಜೊತೆಗೆ?"

"ಒಳಗೆ ಬನ್ನಿ. ಎಲ್ಲಾ ಹೇಳ್ತೀನಿ, ಮೊದ್ಲು ಒಳಗೆ ಬನ್ನಿ."

"ಯಾಕೆ? ಊರಿಗೆ ಗೊತ್ತಾಗ್ಲಿ!"

ಕೋಟು ಕಿತ್ತೆಸೆದ. ಅದು ಕಲ್ಲಿನ ಹಾಗೆ ಧೊಪ್ಪೆಂದು ಬಿತ್ತು.

"ಹೇಳಿದ್ರೆ ನೀವು ನಗ್ತಿದ್ರಿ," ಎಂದಳು ಅವಳು, ಒಂದೊಂದೇ ಹೆಜ್ಜೆ ಹತ್ತಿರ ಬರುತ್ತಾ. "ಟ್ರಂಕು ತೆಗೆದು ನೋಡಿ, ಅಡೀಲಿ ನಿಮ್ಮ ಬಟ್ಟೇನೂ ಇದೆ. ಇಬ್ರೂ ಹೋಗೋಣ."

ಅವನು ಕೇಳಿಸಿಕೊಳ್ಳಲಿಲ್ಲ. ಬಗ್ಗಿ ಬೂಟಿನ ದಾರಕ್ಕೆ ಕೈ ಹಾಕಿದ. ಅಟ್ಟೆಯೊಳಗೂ ಬಿಲ್ಲೆಗಳಿರಬೇಕು, ಎಲ್ಲವನ್ನೂ ಯಜಮಾನರ ಮುಂದೆ ಸುರಿದು ತಾನು ಕಳ್ಳನಲ್ಲ ಎಂದು ತೋರಿಸಬೇಕು.

"ಬೂಟು ಬಿಚ್ಬೇಡಿ! ನಿಮ್ಮ ಕಾಲಿಗೆ ಬೀಳ್ತೀನಿ!"

ನಿಜಕ್ಕೂ ಬಿದ್ದಳು. ಎರಡೂ ಕಾಲನ್ನು ತಬ್ಬಿ ಹಿಡಿದಳು. ಕಳ್ಳಿಯ ನಾಟಕ ಎಂದುಕೊಂಡು ಅವನು ಅವಳನ್ನು ಆಚೆ ನೂಕಿದ. ಎಡಗಾಲು ಬೂಟಿನಿಂದ ಹೊರಬಂತು. ಬಲಗಾಲೂ ಬಂತು.

ತಣ್ಣನೆಯ ನೆಲ ಪಾದಕ್ಕೆ ತಾಗಬೇಕಿತ್ತು. ತಾಗಲಿಲ್ಲ.

ಅವಳು ಚೀರಿ, ಎದ್ದು, ಹಾರಿ ಹಿಡಿದಳು. ಕೈಗೆ ಬಂದದ್ದು ಕಾಲುಚೀಲ. ಸೂರಿನ ಹೆಂಚು ಅವನ ಬೆರಳಿನಿಂದ ಜಾರಿತು.

ಕೆಳಗೆ, ಅಂಗಳದ ನಡುವೆ, ಬೂಟುಗಳೆರಡೂ ಮನೆಯ ಬಾಗಿಲ ಕಡೆಗೆ ಮೂತಿ ಮಾಡಿಕೊಂಡು ನಿಂತಿದ್ದವು. ಅಪ್ಪ ಅಂದು ಮನೆ ಬಿಟ್ಟು ಹೋಗುತ್ತಿರಲಿಲ್ಲ, ಮನೆಗೆ ಬರುತ್ತಿದ್ದ.