ಎಸಿ ಕೋಣೆಯ ಗೂಡುಪೆಟ್ಟಿಗೆ

“ಹಕ್ಕಿಗೆ ಎಸಿ ಕೋಣೆ, ಮಗಳಿಗೆ ಹೊಗೆ ತುಂಬಿದ ಹಾಲ್! ನಿಮಗೆ ಮಂಡೆ ಸಮ ಉಂಟಾ?” ವಾರಿಜಾ ಕೂಗಿದಳು.

“ಮೊಟ್ಟೆ ಒಡೆಯೋ ದಿನ ಕಣೇ ಇವತ್ತು. ಬಾಲ್ಕನಿಯಲ್ಲಿಟ್ರೆ ಮರಿ ಸಾಯ್ತವೆ,” ಎಂದ ಗಂಡ ಸದಾನಂದ. ಸುಮಾತ್ರಾದ ಕಾಡು ಉರಿದ ಹೊಗೆ ಅವರಿದ್ದ ಮಲೇಷ್ಯಾದ ಪೆನಾಂಗಿನ ಮೇಲೆ ಕವಿದು ವಾರಗಳೇ ಆಗಿದ್ದವು. ಮನೆಯಲ್ಲಿ ಎಸಿ ಇದ್ದದ್ದು ಮಗಳು ನವ್ಯಾಳ ಕೋಣೆಯಲ್ಲಿ ಮಾತ್ರ. ತಾನು ಸಾಕಿದ ಪುಟ್ಟ ಬಡ್ಜಿ ಗಿಳಿಗಳ ಪಂಜರವನ್ನು ಅವನು ಅಲ್ಲಿಗೆ ತಂದಿಟ್ಟ. ಗರಿಯ ಧೂಳಿಗೆ ಮಗುವಿನ ಉಬ್ಬಸ ಹೆಚ್ಚಿದಾಗ ಪಂಜರ ಅಲ್ಲೇ ಉಳಿದು, ಹಾಸಿಗೆ ಹಾಲ್‌ಗೆ ಬಂತು.

“ಹಕ್ಕಿ ತೆಗೀರಿ ಅಂತ ಡಾಕ್ಟರ್ ಹೇಳಿದ್ದು ಕೇಳ್ಲಿಲ್ವಾ?”

“ನಾಲ್ಕು ದಿನ ತಡ್ಕೊಂಡ್ರೆ ನಿಂದೇನು ಗಂಟು ಹೋಗುತ್ತೆ?” ಎಂದವನೇ ಅವನು ಪಂಜರದೊಳಗಿನ ಗೂಡುಪೆಟ್ಟಿಗೆಗೆ ಕಿವಿಯಿಟ್ಟ. ಮೊಟ್ಟೆಯೊಳಗಿಂದ ಸಣ್ಣ ಚೀಂವ್ ಕೇಳಿಸಿತು. ಬಾಗಿಲ ಚೌಕಟ್ಟು ಹಿಡಿದು ನಿಂತಿದ್ದ ನವ್ಯಾ, “ಪಪ್ಪಾ, ಐ ಕಾಂಟ್...” ಎನ್ನುವಷ್ಟರಲ್ಲಿ ಕೆಮ್ಮು ಒತ್ತರಿಸಿ ಬಂತು. ಸದಾನಂದ ತಿರುಗಿ ನೋಡಲಿಲ್ಲ. ತುಟಿಗೆ ಬೆರಳಿಟ್ಟು, “ಶ್! ತಾಯಿ ಬೆದರಿದ್ರೆ ಗೂಡು ಬಿಟ್ಟುಬಿಡುತ್ತೆ,” ಎಂದ. ನವ್ಯಾ ಎರಡೂ ಕೈಯಿಂದ ಬಾಯಿ ಮುಚ್ಚಿಕೊಂಡಳು. ಭುಜ ಮಾತ್ರ ಅದುರುತ್ತಿತ್ತು.

ವಾರಿಜಾ ಇನ್‌ಹೇಲರ್, ಪಾಸ್‌ಪೋರ್ಟುಗಳನ್ನು ಚೀಲಕ್ಕೆ ಹಾಕಿಕೊಂಡು ಮಗುವನ್ನು ಎತ್ತಿಕೊಂಡಳು. ಹೊರಬಾಗಿಲು ಮುಚ್ಚಿದ ಸದ್ದಿಗೆ ಸದಾನಂದ “ಮೆಲ್ಲಗೆ!” ಎಂದಷ್ಟೇ ಗದರಿದ. ಸಂಜೆ ಮೊದಲ ಮರಿ ಹೊರಬಂತು. ನವ್ಯಾಳಿಗೆ ತೋರಿಸೋಣವೆಂದು ಅಂಗೈಯಲ್ಲಿ ಹಿಡಿದು ಹಾಲ್‌ಗೆ ಹೋದ. ಹಾಸಿಗೆ ಖಾಲಿಯಿತ್ತು. ಅವರು ಮತ್ತೆ ಬರಲಿಲ್ಲ.